ಮೋಡ ಮುಸುಕಿದ ತಾರೆ: ಒಂದು ಬಂಗಾಳಿ ಚಿತ್ರದ ವಿಮರ್ಶೆ

ಕೆಲವು ದಿನಗಳ ಹಿಂದೆ ನಾವು ಕೆಲಮಂದಿ ಮಿತ್ರರು ತಂತಮ್ಮ ಮನೆಯವರೊಡನೆ ಕಲೆತು ‘ಮೇಘೇ ಢಾಕಾ ತಾರಾ’ ಎಂಬ ಬಂಗಾಳಿ ಚಲಚ್ಚಿತ್ರವನ್ನು ನೋಡಿದೆವು. ಅದು ೧೯೬೦ರಲ್ಲಿ ತೆರೆಗೆ ಬಂದ ಹಳೆಯ ಚಿತ್ರ, ಕಪ್ಪುಬಿಳುಪಿನದು, ಅದರ ಭಾಷೆ ನಮ್ಮಲ್ಲಿ ಬಹುಮಂದಿಗೆ ಬಾರದು. ಆದರೂ ಮುಗಿಯುವ ವೇಳೆಗೆ ಕಣ್ಣೊರಸಿಕೊಳ್ಳದವರು ಅಲ್ಲಿ ಯಾರೂ ಇರಲಿಲ್ಲ. ದೀಪ ಹಚ್ಚಿದ ಮೇಲೆ ನಮ್ಮೊಡನಿದ್ದ ಹಿರಿಯರೊಬ್ಬರು, ಎದೆ ತುಂಬಿಬಂದವರಾಗಿ, “ಮಗಳೆಂದರೆ ಹೀಗಿರಬೇಕಪ್ಪ, ಮನೆಗೊಬ್ಬಳು ಇಂಥವಳು ಹುಟ್ಟಿದರೆ ಸಾಕು, ಆ ಮನೆ ಉದ್ಧಾರವಾದೀತು” ಎಂದರು. ಅವರ ಮಾತಿನಲ್ಲಿ ಕಪಟವೇನೂ ಇರಲಿಲ್ಲ. ಆದರೆ ಹಿಂದಿನ ಸಾಲಿನಲ್ಲಿ ಕುಳಿತಿದ್ದ ಅವರ ಮಗಳು, ಹಲವು ವರ್ಷಗಳಿಂದ ಉದ್ಯೋಗದಲ್ಲಿದ್ದು ಮನೆಯ ಭಾರವನ್ನು ಹೊತ್ತಿರುವಾಕೆ, ಆ ಮಾತನ್ನು ಕೇಳಿ ಏನೂ ಹೇಳದೆ ಎದ್ದು ಹೊರಗೆ ಹೋದಳು.

ಹಿರಿಯರ ಹೊಗಳಿಕೆಯೂ ಆಕೆಯ ಮೌನವೂ ಅಂದಿನಿಂದ ನನ್ನ ಮನಸ್ಸಿನಲ್ಲಿ ಒಂದಕ್ಕೊಂದು ಎದುರಾಗಿ ನಿಂತಿವೆ. ಈ ಚಿತ್ರ ತ್ಯಾಗದ ಸ್ತುತಿಯೋ? ಅಥವಾ ತ್ಯಾಗವನ್ನು ಸ್ತುತಿಸುವ ನಮ್ಮ ಮೇಲೆ ಹೊರಿಸಿದ ಆರೋಪವೋ? ಎರಡನೆಯದೇ ನಿಜವೆಂದು ನನಗೆ ತೋರಿದೆ. ಹಾಗೆ ತೋರಿದ್ದು ಏತಕ್ಕೆಂಬುದನ್ನು ವಾಚಕರ ಮುಂದೆ ಇಡುವುದೇ ಈ ಲೇಖನದ ಉದ್ದೇಶ.

೧

ಚಿತ್ರದ ಕರ್ತೃ ಋತ್ವಿಕ ಘಟಕರು ೧೯೨೫ರಲ್ಲಿ ಢಾಕಾ ನಗರದಲ್ಲಿ ಹುಟ್ಟಿದರು. ೧೯೭೬ರಲ್ಲಿ ಕಲ್ಕತ್ತೆಯಲ್ಲಿ ತೀರಿಕೊಂಡರು. ಬದುಕಿದ್ದು ಐವತ್ತೇ ವರ್ಷ. ಪೂರ್ಣಗೊಳಿಸಿದ ಕಥಾಚಿತ್ರಗಳು ಎಂಟೇ ಎಂಟು. ಅವರು ಮೊದಲು ಭಾರತೀಯ ಜನನಾಟ್ಯ ಸಂಘದ ರಂಗಭೂಮಿಯಲ್ಲಿ ದುಡಿದು, ಅಲ್ಲಿಂದ ಚಿತ್ರರಂಗಕ್ಕೆ ಬಂದವರು. ೧೯೪೭ರ ದೇಶವಿಭಜನೆ ಅವರ ಹುಟ್ಟೂರನ್ನು ಪರದೇಶವನ್ನಾಗಿ ಮಾಡಿತು. ಆ ಗಾಯ ಅವರಲ್ಲಿ ಕೊನೆಯವರೆಗೂ ಮಾಯಲಿಲ್ಲವೆಂಬುದಕ್ಕೆ ಅವರ ಕೃತಿಗಳೇ ಸಾಕ್ಷಿ. ‘ಮೇಘೇ ಢಾಕಾ ತಾರಾ’ದ ಹಿಂದೆಯೇ ಬಂದ ‘ಕೋಮಲ ಗಾಂಧಾರ’ (೧೯೬೧), ‘ಸುವರ್ಣರೇಖಾ’ (೧೯೬೫) ಎಂಬ ಎರಡು ಚಿತ್ರಗಳೂ ಅದೇ ಬೇನೆಯಿಂದ ಹುಟ್ಟಿದವು. ಇವುಗಳೊಳಗೆ ಜನರು ತಮ್ಮದೆಂದು ಬರಮಾಡಿಕೊಂಡದ್ದು ಮೊದಲನೆಯದನ್ನು ಮಾತ್ರ.

ಕಥೆಯ ಬೀಜವನ್ನು ಘಟಕರು ಶಕ್ತಿಪದ ರಾಜಗುರು ಎಂಬ ಲೇಖಕರಿಂದ ಪಡೆದರು. ಕಥೆ ಸರಳವಾದದ್ದು. ಪೂರ್ವಬಂಗಾಳದಿಂದ ಹೊರಬಿದ್ದ ಒಂದು ಸಂಸಾರ ಕಲ್ಕತ್ತೆಯ ಹೊರವಲಯದ ನಿರಾಶ್ರಿತರ ವಸತಿಯಲ್ಲಿ ತಡಿಕೆಯ ಮನೆ ಕಟ್ಟಿಕೊಂಡಿದೆ. ತಂದೆ ಉಪಾಧ್ಯಾಯ, ಆಂಗ್ಲ ಕವಿಗಳನ್ನು ಬಾಯಲ್ಲಿಟ್ಟುಕೊಂಡ ಸಾಧು. ತಾಯಿ ಬಡತನದಲ್ಲಿ ಬೆಂದು ನಾಲಗೆ ಒರಟಾದವಳು. ಹಿರಿಯ ಮಗ ಶಂಕರ ಗಾಯಕನಾಗಬೇಕೆಂಬ ಹಂಬಲದಲ್ಲಿ ದುಡಿಮೆಯಿಲ್ಲದೆ ಇರುವವನು. ಕಿರಿಯರು ಗೀತಾ, ಮಂಟು. ಇವರ ನಡುವೆ ನೀತಾ. ಅವಳು ಓದುತ್ತಿರುವಾಗಲೇ ಮನೆಪಾಠ ಹೇಳಿ ಸಂಸಾರಕ್ಕೆ ನೆರವಾಗುತ್ತಾಳೆ. ತಂದೆ ಕಾಲು ಮುರಿದುಕೊಂಡ ಮೇಲೆ ಓದನ್ನು ಬಿಟ್ಟು ನೌಕರಿಗೆ ಸೇರುತ್ತಾಳೆ. ಅವಳನ್ನು ಒಲಿದ ಸನತ್ ಎಂಬ ಯುವಕ ಭೌತವಿಜ್ಞಾನದ ವಿದ್ಯಾರ್ಥಿ. ಅವನಿಗೂ ಅವಳ ಹಣವೇ ಆಧಾರ. ಅವನೇ ಒಮ್ಮೆ ಪತ್ರದಲ್ಲಿ ಅವಳನ್ನು ಮೋಡ ಮುಸುಕಿದ ತಾರೆಗೆ ಹೋಲಿಸುತ್ತಾನೆ. ಚಿತ್ರದ ಹೆಸರು ಅದರಿಂದ ಬಂದದ್ದು. ಅಂಥವನೇ ಕಡೆಗೆ ಕಾಯಲಾರದೆ ಅವಳ ತಂಗಿ ಗೀತಾಳನ್ನು ಮದುವೆಯಾಗುತ್ತಾನೆ. ಮಂಟು ಕಾರ್ಖಾನೆ ಸೇರಿ ಅಪಘಾತಕ್ಕೆ ಸಿಲುಕುತ್ತಾನೆ. ಮನನೊಂದು ಮನೆಬಿಟ್ಟ ಶಂಕರ ಮುಂಬಯಿಯಲ್ಲಿ ಹೆಸರಾಂತ ಗಾಯಕನಾಗಿ ಹಿಂದಿರುಗುವಷ್ಟರಲ್ಲಿ ನೀತಾ ಕ್ಷಯರೋಗವನ್ನು ಎಲ್ಲರಿಂದಲೂ ಮರೆಮಾಚಿ ಹೊರಕೋಣೆಯಲ್ಲಿ ಒಬ್ಬಳೇ ಸವೆಯುತ್ತಿರುತ್ತಾಳೆ. ಅವನು ಅವಳನ್ನು ಷಿಲಾಂಗಿನ ಬೆಟ್ಟದ ಆರೋಗ್ಯಧಾಮಕ್ಕೆ ಸೇರಿಸುತ್ತಾನೆ.

ಇಷ್ಟೇ ಕಥೆ. ಹೀಗೆ ಹೇಳಿದರೆ ಇದು ನಾವು ಎಷ್ಟೋ ಕಾದಂಬರಿಗಳಲ್ಲಿ ಓದಿ ಬೇಸತ್ತ ಕಣ್ಣೀರಿನ ಕಥೆಯಂತೆಯೇ ಕಾಣುತ್ತದೆ. ಆದುದರಿಂದ ಕೃತಿಯ ಗುಣವನ್ನು ಕಥೆಯಲ್ಲಿ ಹುಡುಕದೆ ಕಥೆಯನ್ನು ಕಾಣಿಸಿದ ರೀತಿಯಲ್ಲಿ ಹುಡುಕಬೇಕು.

೨

ಮೊದಲ ದೃಶ್ಯವನ್ನೇ ನೋಡೋಣ. ಒಂದು ಮಹಾವೃಕ್ಷ, ಅದರ ನೆರಳಿನಿಂದ ಪುಟ್ಟ ಆಕೃತಿಯೊಂದು ನಡೆದು ಬರುತ್ತದೆ. ನೀರಿನ ದಡದಲ್ಲಿ ಅಣ್ಣ ಕುಳಿತು ಸಾಧಕ ಮಾಡುತ್ತಿದ್ದಾನೆ. ಆಚೆ ರೈಲು ಹಾಯುತ್ತದೆ. ತಂಗಿ ನಿಂತು, ಕೇಳಿ, ನಕ್ಕು, ಮುಂದೆ ನಡೆಯುತ್ತಾಳೆ. ನಡೆಯುವಾಗ ಕಾಲ ಚಪ್ಪಲಿಯ ಪಟ್ಟಿ ಕಿತ್ತುಹೋಗುತ್ತದೆ. ಅವಳು ಅದನ್ನು ನೋಡಿ ಹಾಗೆಯೇ ಸಾಗುತ್ತಾಳೆ. ಹಾದಿಯಲ್ಲಿ ಅಂಗಡಿಯವನು ಸಾಲದ ಮಾತು ತೆಗೆಯುತ್ತಾನೆ. ಬಡತನವನ್ನು ವರ್ಣಿಸುವ ಮಾತು ಇನ್ನೊಂದು ಬೇಕಾಗಿಲ್ಲ.

ಮುಂದೆ ತಿಂಗಳ ಮೊದಲ ದಿನದ ದೃಶ್ಯ. ಮನೆಪಾಠದ ಹಣ ಕೈಗೆ ಬಂದಿದೆ. ತಂಗಿಗೆ ಸೀರೆ ಬೇಕು. ತಮ್ಮನಿಗೆ ಆಟದ ಬೂಟು ಬೇಕು. ಅಣ್ಣನಿಗೆ ಕ್ಷೌರಕ್ಕೆ ಚಿಲ್ಲರೆ ಬೇಕು. ಎಲ್ಲರೂ ಪ್ರೀತಿಯಿಂದಲೇ ಕೇಳುತ್ತಾರೆ, ನಗುನಗುತ್ತ ಕೇಳುತ್ತಾರೆ. ಅವಳೂ ನಗುನಗುತ್ತ ಕೊಡುತ್ತಾಳೆ. ಕಿತ್ತ ಚಪ್ಪಲಿ ಕಿತ್ತಂತೆಯೇ ಇರುತ್ತದೆ. ಇಲ್ಲಿ ಯಾವ ದುಷ್ಟನೂ ಇಲ್ಲವೆಂಬುದನ್ನು ವಾಚಕರು ಗಮನಿಸಬೇಕು. ಕಿತ್ತುಕೊಳ್ಳುವವರು ಯಾರೂ ಇಲ್ಲ, ಬೇಡುವವರಿದ್ದಾರೆ, ಅಷ್ಟೆ. ಒಬ್ಬೊಬ್ಬರ ಬೇಡಿಕೆಯೂ ಬಿಡಿಯಾಗಿ ನೋಡಿದರೆ ನ್ಯಾಯವಾದದ್ದು, ಚಿಕ್ಕದು. ಎಲ್ಲವೂ ಕೂಡಿದಾಗ ಒಂದು ಜೀವವನ್ನು ನುಂಗುವಷ್ಟು ದೊಡ್ಡದು. ಈ ಲೆಕ್ಕವನ್ನು ಮನೆಯವರು ಯಾರೂ ಕೂಡಿ ನೋಡುವುದಿಲ್ಲ. ಕೂಡಿ ನೋಡುವವನು ಚಿತ್ರಕಾರ. ಅವನು ಅದನ್ನು ನಮ್ಮ ಮುಂದೆ ಇಡುತ್ತಾನೆ.

ತಾಯಿಯ ಪಾತ್ರವನ್ನು ಕೆಲವರು ಕ್ರೂರವೆಂದು ಹಳಿಯುತ್ತಾರೆ. ಶ್ರೀಮತಿ ಗೀತಾ ಡೇ ಅವರ ಅಭಿನಯವನ್ನು ಚೆನ್ನಾಗಿ ನೋಡಿದವರು ಹಾಗೆ ಹೇಳಲಾರರು. ಸನತ್ ಮನೆಗೆ ಬಂದು ಮಗಳೊಡನೆ ಸಲಿಗೆಯಿಂದ ಮಾತನಾಡುತ್ತಿದ್ದಾಗ ತಾಯಿಯ ಮುಖದಲ್ಲಿ ಮೂಡುವುದು ದ್ವೇಷವಲ್ಲ, ಭೀತಿ. ಆಗ ಒಲೆಯ ಮೇಲಿನ ಪಾತ್ರೆಯ ಕುದಿತದ ಸದ್ದು ಸಾಮಾನ್ಯಕ್ಕಿಂತ ಹೆಚ್ಚಾಗಿ ಕಿವಿಯನ್ನು ತುಂಬುತ್ತದೆ. ದುಡಿಯುವ ಮಗಳು ಮದುವೆಯಾಗಿ ಹೋದರೆ ನಾಳೆ ಒಲೆ ಉರಿಯುವುದು ಹೇಗೆ? ತಾಯಿಯ ಎದೆಯ ಈ ಪ್ರಶ್ನೆಯನ್ನು ಘಟಕರು ಅವಳ ಬಾಯಿಂದ ಹೇಳಿಸದೆ ಒಲೆಯಿಂದ ಹೇಳಿಸಿದರು. ಅನ್ನದ ಸದ್ದೇ ಮಗಳ ಸುಖಕ್ಕೆ ಎದುರಾಳಿಯಾಗುವಂತೆ ಮಾಡಿದ ಬಡತನವನ್ನು ಇದಕ್ಕಿಂತ ಮಿತವಾಗಿ ಹೇಳಿದ ಕಲೆಯನ್ನು ನಾನು ಬೇರೆಡೆ ಕಂಡಿಲ್ಲ.

ತಂದೆಯ ಪಾತ್ರವಾದರೋ ಇನ್ನೂ ನೋವಿನದು. ಇದನ್ನು ವಹಿಸಿದವರು, ೧೯೪೪ರಲ್ಲಿ ಬಂಗಾಳದ ಕ್ಷಾಮವನ್ನು ಕುರಿತು ‘ನವಾನ್ನ’ ಎಂಬ ನಾಟಕವನ್ನು ರಂಗಕ್ಕೆ ತಂದ ಬಿಜನ್ ಭಟ್ಟಾಚಾರ್ಯರು. ಮಗಳಿಗೆ ಆಗುತ್ತಿರುವ ಅನ್ಯಾಯವನ್ನು ಮನೆಯಲ್ಲಿ ಸ್ಪಷ್ಟವಾಗಿ ಕಂಡವನು ಈ ತಂದೆ. ಅವನು ಓದಿದವನು, ರಸಿಕ, ಕರುಣಾಳು. ಆದರೂ ಅವನು ಏನನ್ನೂ ಮಾಡುವುದಿಲ್ಲ. ಕೊನೆಗೆ, ಮಗಳ ರೋಗ ಹೊರಬಿದ್ದಾಗ, ಬೆರಳೆತ್ತಿ ಆಂಗ್ಲ ಭಾಷೆಯಲ್ಲಿ ‘ನಾನು ಆರೋಪಿಸುತ್ತೇನೆ’ ಎನ್ನುತ್ತಾನೆ. ಯಾರನ್ನು ಎಂದು ಕೇಳಿದರೆ ಎತ್ತಿದ ಬೆರಳು ಇಳಿಯುತ್ತದೆ. ‘ಯಾರನ್ನೂ ಅಲ್ಲ’ ಎಂಬ ಉತ್ತರ ಬರುತ್ತದೆ. ವಿದ್ಯಾವಂತರಾದ ನಮ್ಮ ವರ್ಗದ ಸಂಪೂರ್ಣ ಚಿತ್ರ ಈ ಒಂದು ಚಲನೆಯಲ್ಲಿದೆಯೆಂದರೆ ಹೆಚ್ಚು ಹೇಳಿದಂತಲ್ಲ. ನಾವು ಅನ್ಯಾಯವನ್ನು ಕಾಣಬಲ್ಲೆವು. ಅದನ್ನು ಒಳ್ಳೆಯ ಮಾತಿನಲ್ಲಿ ಹೇಳಬಲ್ಲೆವು. ಅದರ ಕರ್ತೃವನ್ನು ತೋರಿಸಬೇಕಾದಾಗ ಮಾತ್ರ, ಆ ಬೆರಳು ನಮ್ಮ ಕಡೆಗೇ ತಿರುಗೀತೆಂದು ಅಂಜಿ, ಕೈಯನ್ನು ಇಳಿಸಿಬಿಡುತ್ತೇವೆ.

೩

ಈ ಚಿತ್ರದ ಮೇಲೆ ಬರುವ ಮುಖ್ಯ ಆಕ್ಷೇಪ ಅತಿನಾಟಕೀಯತೆಯದು. ಒಂದೇ ಸಂಸಾರಕ್ಕೆ ಇಷ್ಟು ವಿಪತ್ತುಗಳೇ? ತಂದೆಗೆ ಅಪಘಾತ, ತಮ್ಮನಿಗೆ ಅಪಘಾತ, ಪ್ರಿಯನ ವಂಚನೆ, ಮೇಲೆ ಕ್ಷಯರೋಗ! ಸತ್ಯಜಿತ್ ರಾಯರ ‘ಪಥೇರ್ ಪಾಂಚಾಲಿ’ (೧೯೫೫) ಬಡತನವನ್ನು ಎಷ್ಟು ಸಂಯಮದಿಂದ ಹೇಳಿತು; ಇವರಿಗೆ ಆ ಸಂಯಮ ಏಕಿಲ್ಲ? ಈ ಪ್ರಶ್ನೆಯನ್ನು ತಳ್ಳಿಹಾಕುವಂತಿಲ್ಲ.

ಸಮಾಧಾನವನ್ನು ಒಂದು ಉದಾಹರಣೆಯಿಂದ ಹೇಳುತ್ತೇನೆ. ನೀತಾ ಸನತ್‌ನ ಮನೆಗೆ ಹೋಗುತ್ತಾಳೆ. ತೆರೆಯ ಹಿಂದೆ ಬೇರೊಬ್ಬಳು ಇರುವ ಸುಳಿವು ಸಿಗುತ್ತದೆ. ಅವಳು ಅಳುವುದಿಲ್ಲ, ಕೂಗುವುದಿಲ್ಲ. ಸುಮ್ಮನೆ ಮೆಟ್ಟಿಲಿಳಿದು ಬರುತ್ತಾಳೆ. ಆಗ ಚಾಟಿಯ ಏಟಿನ ಸದ್ದು ಕೇಳುತ್ತದೆ. ಚಾಟಿ ಎಲ್ಲೂ ಕಾಣದು, ಹೊಡೆಯುವವರೂ ಇಲ್ಲ, ಸದ್ದು ಮಾತ್ರ ಇದೆ. ಇನ್ನೊಮ್ಮೆ, ತಂಗಿಯ ಮದುವೆಯ ಸಮಯದಲ್ಲಿ, ಅಣ್ಣನ ಬಳಿ ಕುಳಿತು ಅವಳು ರವೀಂದ್ರರ ಗೀತವೊಂದನ್ನು ಹೇಳಿಸಿಕೊಳ್ಳುತ್ತಾಳೆ. ದೇವವ್ರತ ವಿಶ್ವಾಸರ ಗಂಭೀರವಾದ ಕಂಠವೂ ಗೀತಾ ಘಟಕರ ಕಂಠವೂ ಕೂಡಿ ಆ ಕತ್ತಲೆಯ ಗುಡಿಸಲನ್ನು ತುಂಬುತ್ತವೆ. ಗೋಡೆಯ ತಡಿಕೆಯ ಸಂದುಗಳಿಂದ ಬೆಳಕು ಚುಕ್ಕಿಚುಕ್ಕಿಯಾಗಿ ಒಳಬರುತ್ತದೆ. ಹಾಡಿನ ಕೊನೆಯಲ್ಲಿ ಅದೇ ಚಾಟಿ ಮತ್ತೆ ಬೀಸುತ್ತದೆ. ನೀತಾಳ ಮುಖ ಮೇಲಕ್ಕೆತ್ತಿ ಬಿರಿಯುತ್ತದೆ. ಶ್ರೀಮತಿ ಸುಪ್ರಿಯಾ ಚೌಧುರಿಯವರ ಅಭಿನಯದಲ್ಲಿ ನಾನು ಮರೆಯಲಾರದ ಕ್ಷಣ ಇದು.

ಇದು ಅತಿಯಲ್ಲವೇ ಎಂದರೆ, ಅತಿಯೇ ಹೌದು. ಆದರೆ ಈ ಅತಿ ಏತಕ್ಕೆ ಬಂತೆಂದು ವಿಚಾರಿಸಬೇಕು. ಈ ಮನೆಯಲ್ಲಿ ನಡೆಯುತ್ತಿರುವ ಹಿಂಸೆ ಸಭ್ಯವಾದ ಹಿಂಸೆ. ಅದಕ್ಕೆ ಶಬ್ದವಿಲ್ಲ. ನೋವುಣ್ಣುವವಳೂ ಶಬ್ದ ಮಾಡುವವಳಲ್ಲ. ಹೊಡೆದವನೂ ಹೊಡೆಸಿಕೊಂಡವಳೂ ಮೌನವಾಗಿದ್ದರೆ ಏಟು ಬಿದ್ದದ್ದನ್ನು ಹೊರಗಿನವರು ತಿಳಿಯುವುದು ಹೇಗೆ? ಆದಕಾರಣ ಚಿತ್ರಕಾರ ತಾನೇ ಸಾಕ್ಷಿಯಾಗಿ ನಿಂತು, ಪಾತ್ರಗಳು ನುಂಗಿಕೊಂಡ ಸದ್ದನ್ನು ಪ್ರೇಕ್ಷಕನ ಕಿವಿಗೆ ತಂದುಹಾಕುತ್ತಾನೆ. ಮಾತಿನ ಅತಿ ಬೇರೆ, ಭಾವದ ಅತಿ ಬೇರೆ. ಕೆಟ್ಟ ನಾಟಕಗಳಲ್ಲಿ ಪಾತ್ರಗಳು ಗೋಳಾಡುತ್ತವೆ, ಕವಿ ಅವುಗಳ ಬೆನ್ನು ತಟ್ಟುತ್ತಾನೆ. ಇಲ್ಲಿ ಪಾತ್ರ ಸುಮ್ಮನಿದೆ. ಲೋಕವೇ ಅದಕ್ಕಾಗಿ ಕೂಗುತ್ತಿದೆ. ಭವಭೂತಿಯ ‘ಉತ್ತರರಾಮಚರಿತ’ವನ್ನು ಓದಿದ ವಾಚಕರಿಗೆ ಈ ಕ್ರಮ ಹೊಸದಲ್ಲ. ಗಾಂಭೀರ್ಯದಿಂದ ಶೋಕವನ್ನು ಅದುಮಿಟ್ಟುಕೊಂಡವನ ಸುತ್ತ ಕಾಡೂ ಕಲ್ಲೂ ಕರಗುವಂತೆ ಮಾಡಿದ ಕವಿ ಅವನು. ಕರುಣಕ್ಕೆ ಸಂಯಮವೊಂದೇ ದಾರಿಯಲ್ಲ. ಔಚಿತ್ಯವಿದ್ದರೆ ಅತಿಯೂ ದಾರಿಯಾದೀತು.

೪

ಚಿತ್ರದ ಸಂಗೀತವನ್ನು ಜ್ಯೋತಿರಿಂದ್ರ ಮೈತ್ರರು ಹೊಂದಿಸಿದರು. ಅದರಲ್ಲಿ ಕನ್ನಡಿಗರಾದ ನಮಗೆ ಪರಿಚಿತವಾದ ಎರಡು ಎಳೆಗಳಿವೆ.

ಒಂದು ಹಂಸಧ್ವನಿ ರಾಗ. ಶಂಕರನ ಸಂಗೀತಸಾಧನೆಯನ್ನು ಕಾಣಿಸಲು ಚಿತ್ರದಲ್ಲಿ ಬಳಸಿದ ರಾಗ ಇದು. ತೆರೆಯ ಹಿಂದೆ ಹಾಡಿದವರು ಮದರಾಸಿನಲ್ಲಿ ಹುಟ್ಟಿ ಕಲ್ಕತ್ತೆಯಲ್ಲಿ ನೆಲಸಿ ಕಿರಾನಾ ಸಂಪ್ರದಾಯದ ಗಾಯಕರೆಂದು ಹೆಸರಾದ ಎ. ಟಿ. ಕಾನನ್ ಅವರು. ರಾಗವೂ ಗಾಯಕರಂತೆಯೇ ದಕ್ಷಿಣದಿಂದ ಉತ್ತರಕ್ಕೆ ಹೋದದ್ದು. ರಾಮಸ್ವಾಮಿ ದೀಕ್ಷಿತರು ಕಲ್ಪಿಸಿದರೆಂದು ಪ್ರಸಿದ್ಧವಾದ, ಅವರ ಮಗ ಮುತ್ತುಸ್ವಾಮಿ ದೀಕ್ಷಿತರು ವಾತಾಪಿಗಣಪತಿಯ ಕೃತಿಯಿಂದ ಮನೆಮನೆಯ ಮಾತಾಗಿಸಿದ ಐದು ಸ್ವರಗಳ ಈ ರಾಗ ನಮ್ಮ ಕಚೇರಿಗಳಲ್ಲಿ ಆರಂಭದ ರಾಗ, ಮಂಗಳದ ರಾಗ. ವಿಘ್ನಗಳು ತೊಲಗಲೆಂದು ಹಾಡುವ ಸ್ವರಗಳು ಇಲ್ಲಿ ಅಣ್ಣನ ಭಾಗ್ಯವನ್ನು ಬೆಳಗಿಸುತ್ತವೆ. ಅದೇ ವೇಳೆಗೆ ಅವನಿಗೆ ದಾರಿ ಮಾಡಿಕೊಟ್ಟ ತಂಗಿಯ ಬಾಳು ಅಸ್ತಕ್ಕೆ ಇಳಿಯುತ್ತಿರುತ್ತದೆ. ರಾಗದ ಉಲ್ಲಾಸವನ್ನು ಬಲ್ಲ ನಮ್ಮ ಕಿವಿಗೆ ಈ ವೈಷಮ್ಯ ಬಂಗಾಳದ ಪ್ರೇಕ್ಷಕನಿಗಿಂತ ಒಂದು ಪಟ್ಟು ಹೆಚ್ಚಾಗಿಯೇ ನಾಟಬಹುದು.

ಇನ್ನೊಂದು ಎಳೆ ಉಮೆಯ ಹಾಡು. ಬಂಗಾಳದಲ್ಲಿ ದುರ್ಗಾಪೂಜೆಯ ಕಾಲದಲ್ಲಿ, ಹಿಮವಂತನ ಮಡದಿ ಮೇನಕೆ ಗಂಡನ ಮನೆಯಲ್ಲಿರುವ ಮಗಳು ಉಮೆಯನ್ನು ತವರಿಗೆ ಕರೆಯುವ, ಮರಳಿ ಕಳುಹಿಸುವಾಗ ಮರುಗುವ ಹಾಡುಗಳನ್ನು ಹಾಡುವುದುಂಟು. ಅಂಥ ಒಂದು ಹಾಡಿನ ಧಾಟಿ ಚಿತ್ರದಲ್ಲಿ ಮತ್ತೆ ಮತ್ತೆ ಸುಳಿಯುತ್ತದೆ. ನೀತಾ ಜಗದ್ಧಾತ್ರೀಪೂಜೆಯ ದಿನ ಹುಟ್ಟಿದವಳೆಂಬ ಮಾತೂ ಬರುತ್ತದೆ. ಇದೆಲ್ಲ ನಮಗೆ ದೂರದ್ದೇ? ಭಾದ್ರಪದದಲ್ಲಿ ಗೌರಿ ನಮ್ಮ ಮನೆಗಳಿಗೆ ಮಗಳಾಗಿ ಬರುತ್ತಾಳೆ. ಬಾಗಿನ ಕೊಟ್ಟು, ಮಡಿಲು ತುಂಬಿ, ಮನಸ್ಸಿಲ್ಲದ ಮನಸ್ಸಿನಿಂದ ಕಳುಹಿಸಿಕೊಡುತ್ತೇವೆ. ತವರನ್ನು ಕುರಿತು ನಮ್ಮ ಹೆಂಗಸರು ಬೀಸುವ ಕಲ್ಲಿನ ಮುಂದೆ ಹಾಡಿದ ತ್ರಿಪದಿಗಳಿಗೆ ಲೆಕ್ಕವಿಲ್ಲ. ಆ ಹಾಡುಗಳಲ್ಲಿ ನೋವು ಗಂಡನ ಮನೆಯದು, ತಂಪು ತವರಿನದು.

ಘಟಕರು ಈ ಕ್ರಮವನ್ನು ತಲೆಕೆಳಗು ಮಾಡಿದರು. ನೀತಾ ಎಂದೂ ಗಂಡನ ಮನೆಗೆ ಹೋಗಲಿಲ್ಲ. ಅವಳನ್ನು ಸವೆಸಿದ್ದು ತವರೇ. ಮಳೆಯ ರಾತ್ರಿ ತಂದೆ ಅವಳ ಕೋಣೆಗೆ ಬಂದು, ಅವಳ ಬಟ್ಟೆಬರೆಯ ಗಂಟನ್ನು ಮುಂದಿಟ್ಟು, ‘ಹೊರಟುಹೋಗು, ಇವರೆಲ್ಲ ನಿನ್ನಿಂದ ಮೇಲೆ ಬಂದರು, ಈಗ ಎರಡಂತಸ್ತಿನ ಮನೆಯ ಕನಸು ಕಾಣುತ್ತಿದ್ದಾರೆ, ಇಲ್ಲಿ ಹುಟ್ಟುವ ಮಗುವಿಗೆ ನಿನ್ನ ಉಸಿರು ತಾಕಬಾರದು’ ಎಂಬರ್ಥದ ಮಾತನ್ನು ಪ್ರೀತಿಯಿಂದಲೇ, ಕಣ್ಣೀರಿನಿಂದಲೇ ಹೇಳುತ್ತಾನೆ. ಅವಳು ಅಣ್ಣನೊಡನೆ ಬೆಟ್ಟದಲ್ಲಿ ತೆಗೆಸಿಕೊಂಡ ಬಾಲ್ಯದ ಭಾವಚಿತ್ರವೊಂದನ್ನು ಹಿಡಿದು ಹೊರಗೆ ಕಾಲಿಡುತ್ತಾಳೆ. ಹಿನ್ನೆಲೆಯಲ್ಲಿ ಉಮೆಯನ್ನು ಕುರಿತ ದನಿ. ಇದು ಗೌರಿಯನ್ನು ಕಳುಹಿಸುವ ವಿಧಿಯೇ. ಬಾಗಿನ ಮಾತ್ರ ಇಲ್ಲ. ವರ್ಷ ವರ್ಷವೂ ದೇವಿಯನ್ನು ಪೂಜಿಸಿ ನೀರಿಗೆ ಬಿಡುವ ಜನ, ಮನೆಯ ಮಗಳನ್ನೂ ದೇವಿಯೆಂದು ಹೊಗಳಿ ಅದೇ ದಾರಿಯಲ್ಲಿ ಕಳುಹಿಸಬಲ್ಲರೆಂಬ ಭಯಂಕರವಾದ ಸತ್ಯವನ್ನು ಈ ದೃಶ್ಯ ಹೇಳುತ್ತದೆ. ‘ದೇವತೆಯಂಥ ಮಗಳು’ ಎಂದು ಇನ್ನು ಮುಂದೆ ನಾವು ಆಡುವಾಗ ಸ್ವಲ್ಪ ನಾಲಗೆ ತಡವರಿಸಿದರೆ ಒಳ್ಳೆಯದು.

ನಮ್ಮ ಜನಪದರು ಈ ಸತ್ಯವನ್ನು ಬಹುಹಿಂದೆಯೇ ಕಂಡಿದ್ದರು. ‘ಕೆರೆಗೆ ಹಾರ’ದ ಕಥೆಯನ್ನು ಅರಿಯದ ಕನ್ನಡ ಮನೆ ಯಾವುದು? ಕೆರೆಗೆ ನೀರು ಬರಲೆಂದು ಕಿರಿಯ ಸೊಸೆ ಭಾಗೀರಥಿಯನ್ನು ಬಲಿಗೊಡಲು ಮನೆ ನಿಶ್ಚಯಿಸುತ್ತದೆ. ಎಲ್ಲರಿಗೂ ತಿಳಿದಿದೆ, ಯಾರೂ ಬಾಯಿಬಿಡುವುದಿಲ್ಲ. ಅವಳು ತವರಿಗೆ ಹೋಗಿಬರುತ್ತಾಳೆ, ನಿಜವನ್ನು ಗೆಳತಿಗೆ ಮಾತ್ರ ಹೇಳುತ್ತಾಳೆ. ಆ ಗೆಳತಿಯೂ ಕೊಟ್ಟವರು ಇಟ್ಟಂತೆ ಇರಬೇಕೆಂಬ ಬುದ್ಧಿಯನ್ನೇ ಹೇಳುತ್ತಾಳೆ. ನೀತಾಳ ಮನೆಗೂ ಭಾಗೀರಥಿಯ ಮನೆಗೂ ವ್ಯತ್ಯಾಸ ಬಹಳವಿಲ್ಲ. ಒಂದು ವ್ಯತ್ಯಾಸವಂತೂ ಇದೆ. ಭಾಗೀರಥಿಯ ಗಂಡ ಸುದ್ದಿ ತಿಳಿದು ಬಂದು ಅದೇ ಕೆರೆಗೆ ಹಾರಿದ. ನೀತಾಳಿಗಾಗಿ ಯಾರೂ ಹಾರಲಿಲ್ಲ; ಕೆರೆ ತುಂಬಿತು, ಎಲ್ಲರೂ ನೀರು ಕುಡಿದರು.

೫

ಗುಣಗಳನ್ನು ಹೇಳಿದ ಮೇಲೆ ದೋಷಗಳನ್ನೂ ಹೇಳಬೇಕು. ಸನತ್‌ನ ಪಾತ್ರಕ್ಕೆ ಸಾಕಷ್ಟು ಜೀವ ಬಂದಿಲ್ಲ. ಅವನ ಚಾಂಚಲ್ಯವನ್ನು ನಾವು ನಂಬುತ್ತೇವೆ. ಆದರೆ ನೀತಾಳಂಥವಳು ಅವನಲ್ಲಿ ಏನನ್ನು ಕಂಡಳೆಂಬುದು ತಿಳಿಯುವುದಿಲ್ಲ. ಗೀತಾಳನ್ನು ಬರಿಯ ಬೆಡಗುಗಾತಿಯನ್ನಾಗಿ ಮಾಡಿ, ಅವಳ ಕಡೆಯ ನ್ಯಾಯವನ್ನು ಕೇಳದೆ ಬಿಟ್ಟದ್ದು ಒಂದು ಕೊರತೆ. ಬಡತನದ ಮನೆಯಲ್ಲಿ ಚೆಲುವೆಯಾಗಿ ಹುಟ್ಟಿದವಳ ಅಂಜಿಕೆಗಳೂ ಅನುಕಂಪಕ್ಕೆ ಅರ್ಹವಾದವು. ಮಂಟುವಿನ ಅಪಘಾತ ಕಥೆಗೆ ಬೇಕಾದಾಗ ಒದಗಿಬಂದಂತೆ ಕಾಣುತ್ತದೆ. ಶಂಕರ ಹೊರಟುಹೋಗಿ ಕೀರ್ತಿ ಹೊತ್ತು ಬರುವುದಂತೂ ಹಳೆಯ ಕಥೆಗಳ ಸುಲಭದ ಭಾಗ್ಯ. ಘಟಕರು ತಾಯಿ, ತಂಗಿ, ನೀತಾ ಈ ಮೂವರಲ್ಲಿ ಸ್ತ್ರೀತ್ವದ ಮೂರು ಮುಖಗಳನ್ನು ಕಾಣಿಸಲು ಯತ್ನಿಸಿದಂತಿದೆ. ಆ ಯತ್ನದ ಭಾರಕ್ಕೆ ವ್ಯಕ್ತಿಗಳು ಅಲ್ಲಲ್ಲಿ ಬಾಗಿದ್ದಾರೆ.

ಆದರೆ ಈ ದೋಷಗಳಾವುವೂ ಕೇಂದ್ರವನ್ನು ಮುಟ್ಟುವುದಿಲ್ಲ. ಕೇಂದ್ರದಲ್ಲಿರುವುದು ನೀತಾ, ಅವಳು ಮರದ ಗೊಂಬೆಯಲ್ಲ. ಇಲ್ಲಿ ನಮ್ಮ ಹಿರಿಯರ ಮಾತಿಗೆ ನೇರವಾದ ಉತ್ತರವಿದೆ. ಮದುವೆಯಾಗಿ ಸುಖ ಕಾಣದೆ ಹಿಂತಿರುಗಿದ ಸನತ್ ಪಶ್ಚಾತ್ತಾಪದಿಂದ ಎದುರು ನಿಂತಾಗ ನೀತಾ ಅವನನ್ನು ಬಯ್ಯುವುದಿಲ್ಲ, ತನ್ನನ್ನೇ ದೂಷಿಸಿಕೊಳ್ಳುತ್ತಾಳೆ. ಅನ್ಯಾಯ ನಡೆದಾಗ ಎದುರಾಡದೆ ಇದ್ದುದೇ ತನ್ನ ಪಾಪ, ಈಗ ಉಣ್ಣುತ್ತಿರುವುದು ಅದರ ಫಲ ಎಂಬ ಭಾವವನ್ನು ತೋರುತ್ತಾಳೆ. ನಾವು ಯಾವುದನ್ನು ಅವಳ ಪುಣ್ಯವೆಂದು ಕೊಂಡಾಡಿದೆವೋ ಅದನ್ನು ಅವಳೇ ಪಾಪವೆಂದು ಎಣಿಸಿದಳು! ತ್ಯಾಗಮೂರ್ತಿಯೇ ತನ್ನ ಪೀಠದಿಂದ ಇಳಿದುಬಂದು ಪೂಜೆ ಸಾಕೆಂದು ಹೇಳಿದ ಮೇಲೂ ಮಂಗಳಾರತಿಯನ್ನು ಮುಂದುವರಿಸುವುದು ಯಾವ ನ್ಯಾಯ?

ಕೊನೆಯ ದೃಶ್ಯ ಷಿಲಾಂಗಿನ ಬೆಟ್ಟಗಳದು. ಬೆಟ್ಟವನ್ನು ನೋಡಬೇಕೆಂಬುದು ನೀತಾಳ ಬಾಲ್ಯದ ಆಸೆ. ರೋಗಿಯಾದ ಮೇಲೆ ಅದು ಕೈಗೂಡಿತು. ಅಣ್ಣ ನೋಡಲು ಬಂದು ಮನೆಯ ಸುದ್ದಿ ಹೇಳುತ್ತಾನೆ. ಗೀತಾಳ ಮಗು ನಡೆಯಲು ಕಲಿತು ಮನೆಯೆಲ್ಲ ಓಡಾಡುವ ಚೇಷ್ಟೆಯನ್ನು ಬಣ್ಣಿಸುತ್ತಾನೆ. ಕೇಳುತ್ತ ಕುಳಿತವಳು ಒಮ್ಮೆಗೇ, ತಾನು ಬದುಕಬೇಕೆಂದಿದ್ದೆನೆಂದು, ಬದುಕುವುದು ತನಗೆ ಬಹಳ ಇಷ್ಟವೆಂದು ಚೀರುತ್ತಾಳೆ. ಅಣ್ಣನನ್ನು ಅಪ್ಪಿಕೊಂಡು, ತಾನು ಬದುಕುವೆನೆಂದು ಒಮ್ಮೆ ಹೇಳು ಎಂದು ಅಂಗಲಾಚುತ್ತಾಳೆ. ಆ ಕೂಗು ಬೆಟ್ಟದಿಂದ ಬೆಟ್ಟಕ್ಕೆ ಹೊಡೆದು ಸುತ್ತುತ್ತದೆ. ಛಾಯಾಗ್ರಾಹಕ ದಿನೇನ್ ಗುಪ್ತರ ಕ್ಯಾಮರಾ ಆ ಕೂಗಿನ ಜತೆಯಲ್ಲಿ ದಿಗಂತವನ್ನೆಲ್ಲ ಬಳಸುತ್ತದೆ.

ಈ ಕೂಗಿನಿಂದ ಪಾತ್ರದ ಘನತೆಗೆ ಕುಂದಾಯಿತೆಂದು, ಮೌನವಾಗಿ ಸತ್ತಿದ್ದರೆ ಉದಾತ್ತವಾಗಿರುತ್ತಿತ್ತೆಂದು ಹೇಳುವವರುಂಟು. ನನಗೆ ಹಾಗೆ ತೋರಲಿಲ್ಲ. ಅವಳು ಮೌನವಾಗಿ ಸತ್ತಿದ್ದರೆ ನಾವೆಲ್ಲರೂ ಹಗುರವಾದ ಮನಸ್ಸಿನಿಂದ ಮನೆಗೆ ಹೋಗುತ್ತಿದ್ದೆವು; ಒಂದು ಪುಣ್ಯಕಥೆ ಕೇಳಿದ ತೃಪ್ತಿ ಇರುತ್ತಿತ್ತು. ಚಿತ್ರದ ಉದ್ದಕ್ಕೂ ಚಾಟಿಯಿಂದಲೂ ಒಲೆಯಿಂದಲೂ ಹೊರಟ ಶಬ್ದಗಳೆಲ್ಲ ಕೊನೆಗೆ ಅವಳ ಕಂಠದಲ್ಲಿಯೇ ಬಂದು ಸೇರಿದವು. ಕೊಟ್ಟವಳಿಗೂ ಆಸೆಯಿತ್ತು, ಸಹಿಸಿದವಳಿಗೂ ನೋವಾಗಿತ್ತು, ಅವಳ ಔದಾರ್ಯ ಬತ್ತದ ಬಾವಿಯಲ್ಲ. ಇದನ್ನು ಅವಳ ಬಾಯಿಂದಲೇ ಕೇಳಿದ ಮೇಲೆ ‘ಮನೆಗೊಬ್ಬಳು ಇಂಥವಳು ಬೇಕು’ ಎನ್ನಲು ಬಾಯಿ ಬರಬಾರದು.

ಚಿತ್ರ ಅಲ್ಲಿಗೇ ನಿಲ್ಲಲಿಲ್ಲ. ಶಂಕರ ವಸತಿಗೆ ಮರಳಿದ್ದಾನೆ. ಹಳೆಯ ಅಂಗಡಿಯವನು ನೀತಾಳ ವಿಚಾರ ಕೇಳಿ, ಶಾಂತಳಾದ ಆ ಹುಡುಗಿಗೆ ಇಂಥ ಗತಿಯೇ ಎಂದು ಮರುಗುತ್ತಾನೆ. ಆಗ ಹಾದಿಯಲ್ಲಿ ಬೇರೊಬ್ಬ ಹುಡುಗಿ ಹೋಗುತ್ತಿರುತ್ತಾಳೆ. ಅವಳ ಚಪ್ಪಲಿಯ ಪಟ್ಟಿ ಕಿತ್ತುಹೋಗುತ್ತದೆ. ಅವಳು ಬಗ್ಗಿ ನೋಡಿ, ಮೆಲ್ಲನೆ ನಕ್ಕು, ಮುಂದೆ ಸಾಗುತ್ತಾಳೆ.

೬

ದುಡಿಯುವ ಮಗಳ ಕಥೆ ಬಂಗಾಳಕ್ಕೆ ಮೀಸಲಾದುದಲ್ಲ. ಇದೇ ಬಗೆಯ ವಸ್ತುವನ್ನು ಕೆ. ಬಾಲಚಂದರ್ ಅವರು ೧೯೭೪ರಲ್ಲಿ ತಮಿಳಿನಲ್ಲಿ ‘ಅವಳ್ ಒರು ತೊಡರ್‌ಕಥೈ’ ಎಂದು ತೆರೆಗೆ ತಂದರು. ಅದನ್ನೇ ೧೯೮೩ರಲ್ಲಿ ‘ಬೆಂಕಿಯಲ್ಲಿ ಅರಳಿದ ಹೂವು’ ಎಂದು ಕನ್ನಡದಲ್ಲಿಯೂ ಮಾಡಿದರು. ಶ್ರೀಮತಿ ಸುಹಾಸಿನಿಯವರ ಆ ಪಾತ್ರವನ್ನು ನೋಡಿದವರು ನಮ್ಮ ವಾಚಕರಲ್ಲಿ ಬಹಳ ಮಂದಿ ಇರಬಹುದು. ಅವಳು ನೀತಾಳ ಹಾಗೆ ಮೌನಿಯಲ್ಲ. ದುಡಿದು ಹಾಕುತ್ತಾಳೆ, ಜೊತೆಗೆ ಮಾತಿನ ಚಾಟಿಯನ್ನೂ ಬೀಸುತ್ತಾಳೆ. ಬಂಗಾಳದಲ್ಲಿ ಕಾಣದ ಕೈಯಲ್ಲಿದ್ದ ಚಾಟಿ ಇಲ್ಲಿ ಹೆಣ್ಣಿನ ನಾಲಗೆಗೆ ಬಂದಿತು. ಆದರೂ ಹೊರೆ ಮಾತ್ರ ಹೆಗಲಿನಿಂದ ಇಳಿಯಲಿಲ್ಲ. ಮೌನಿಗೂ ಮಾತುಗಾರ್ತಿಗೂ ಒಂದೇ ಗತಿಯಾದರೆ ತಪ್ಪು ಅವರ ಸ್ವಭಾವದಲ್ಲಿದೆಯೋ ಅವರನ್ನು ನಂಬಿ ಕುಳಿತ ಮನೆಯಲ್ಲಿದೆಯೋ ಎಂಬುದನ್ನು ಬೇರೆಯಾಗಿ ಹೇಳಬೇಕಾಗಿಲ್ಲ.

ಕರುಣರಸ ಸಹೃದಯನ ಹೃದಯವನ್ನು ಕರಗಿಸುತ್ತದೆಯೆಂದು ಆಲಂಕಾರಿಕರು ಹೇಳುತ್ತಾರೆ. ಕರಗಿದ ಹೃದಯ ಮತ್ತೆ ಹಳೆಯ ಅಚ್ಚಿನಲ್ಲಿಯೇ ಹೆಪ್ಪುಗಟ್ಟಿದರೆ ಆ ಕಣ್ಣೀರಿನಿಂದ ಏನು ಪ್ರಯೋಜನ? ಅತ್ತದ್ದರಿಂದಲೇ ನಮ್ಮ ಋಣ ತೀರಿತೆಂದುಕೊಳ್ಳುವುದು ರಸಿಕತೆಯ ಹೆಸರಿನಲ್ಲಿ ನಾವು ಮಾಡುವ ದೊಡ್ಡ ವಂಚನೆ. ಘಟಕರ ಚಿತ್ರ ಆ ವಂಚನೆಗೆ ಎಡೆಗೊಡುವುದಿಲ್ಲ. ಅದೇ ಅದರ ಹಿರಿಮೆ.

ಈ ಚಿತ್ರವನ್ನು ನೋಡದವರು ನೋಡಬೇಕೆಂದೂ, ಮನೆಮಂದಿಯೆಲ್ಲ ಒಟ್ಟಿಗೆ ಕುಳಿತು ನೋಡಬೇಕೆಂದೂ ನನ್ನ ವಿಜ್ಞಾಪನೆ. ನೋಡಿ ಮುಗಿದ ಮೇಲೆ ಹೊಗಳಿಕೆಯ ಮಾತನ್ನು ತುಸು ತಡೆಹಿಡಿದು, ಆ ಮನೆಯಲ್ಲಿ ದುಡಿಯುತ್ತಿರುವ ಹೆಣ್ಣುಮಗಳಿದ್ದರೆ, “ನಿನಗೇನು ಬೇಕಮ್ಮ?” ಎಂದು ಕೇಳಿ, ಅವಳು ಉತ್ತರ ಹೇಳುವವರೆಗೆ ಕಾದರೆ ಸಾಕು. ಅಂದು ನಮ್ಮ ನಡುವಿನಿಂದ ಎದ್ದು ಹೊರಗೆ ಹೋದಾಕೆಯನ್ನು ನಮ್ಮಲ್ಲಿ ಯಾರೂ ಹಾಗೆ ಕೇಳಲಿಲ್ಲ. ಈ ಲೇಖಕನೂ ಕೇಳಲಿಲ್ಲ.